ಗಿಡ ತುಂಬಾ ಎಲೆ, ಹೂ ಮಾತ್ರ ಇಲ್ಲ: ಮಲ್ಲಿಗೆ ಗೊಬ್ಬರದ ಪ್ರಶ್ನೆಗಳು

ಈ ಸಲ ಬಂದ ಪತ್ರಗಳಲ್ಲಿ ಅರ್ಧಕ್ಕಿಂತ ಜಾಸ್ತಿ ಮಲ್ಲಿಗೆಯದ್ದೇ. ಊರು ಬೇರೆ ಬೇರೆ, ಕೇಳಿದ್ದು ಮಾತ್ರ ಹೆಚ್ಚುಕಡಿಮೆ ಒಂದೇ, "ಯಾವ ಗೊಬ್ಬರ ಹಾಕಲಿ?" ಹಾಗಾಗಿ ಉಳಿದ ಗಿಡಗಳನ್ನೆಲ್ಲ ಮುಂದಿನ ಸಂಚಿಕೆಗೆ ದೂಡಿ, ಇವತ್ತು ಮಲ್ಲಿಗೆಗೇ ಕೂತಿದ್ದೇನೆ.

ಪ್ರಶ್ನೆ: ಮೇಡಂ, ನಮ್ಮದು ಎರಡನೇ ಮಹಡಿ. ಬಾಲ್ಕನಿಯಲ್ಲಿ 12 ಇಂಚಿನ ಪಾಟ್‌ನಲ್ಲಿ ದುಂಡು ಮಲ್ಲಿಗೆ ಇದೆ, ಮೂರು ವರ್ಷದ ಗಿಡ. ಗೊಬ್ಬರದ ಅಂಗಡಿಯವರು ಹೇಳಿದರು ಅಂತ ತಿಂಗಳಿಗೊಮ್ಮೆ ಒಂದು ಚಮಚ ಡಿಎಪಿ, ನಡುವೆ ಆಗಾಗ ಸ್ವಲ್ಪ ಯೂರಿಯಾ ಹಾಕುತ್ತೇನೆ. ಎಲೆ ಕಡು ಹಸಿರು, ನೋಡಿದವರೆಲ್ಲ ಗಿಡ ಚೆನ್ನಾಗಿದೆ ಅಂತಾರೆ. ಹೂ ಮಾತ್ರ ವಾರಕ್ಕೆ ಎರಡೋ ಮೂರೋ. ಡಿಎಪಿ ಬಿಟ್ಟು ಬೇರೆ ಏನು ಹಾಕಲಿ?
(ವಿಜಯನಗರ, ಬೆಂಗಳೂರು)

ಉತ್ತರ: ಮೊದಲು ಒಂದೂವರೆ ತಿಂಗಳು ಏನೂ ಹಾಕಬೇಡಿ. ನಿಮ್ಮ ಗಿಡಕ್ಕೆ ಹೊಟ್ಟೆ ತುಂಬಿ ಮೈ ಬಂದಿದೆ ಅಷ್ಟೇ.

ಯೂರಿಯಾದಲ್ಲಿ ನೂರಕ್ಕೆ 46 ಪಾಲು ಸಾರಜನಕ. ಡಿಎಪಿಯಲ್ಲಿ 18 ಪಾಲು ಸಾರಜನಕ, 46 ಪಾಲು ರಂಜಕ. ಎರಡರಲ್ಲೂ ಪೊಟ್ಯಾಷ್ ಒಂದು ಕಾಳೂ ಇಲ್ಲ. ಸಾರಜನಕ ಜಾಸ್ತಿ ಆದಾಗ ಗಿಡ ಎಲೆಯ ಮೇಲೆ ಎಲೆ ಬಿಡುತ್ತಾ ಹೋಗುತ್ತದೆ, ಮೊಗ್ಗಿನ ಯೋಚನೆಯೇ ಮಾಡುವುದಿಲ್ಲ. "ಹೂ ಬಿಡೋಕೆ ಡಿಎಪಿ" ಅನ್ನುವ ಮಾತು ಅದು ಹೇಗೋ ಎಲ್ಲ ಅಂಗಡಿಗಳಲ್ಲೂ ಮಂತ್ರದ ಹಾಗೆ ಆಗಿಬಿಟ್ಟಿದೆ. ಹೊಲದಲ್ಲಿ ಬಿತ್ತನೆ ಹೊತ್ತಿಗೆ ಅದು ಒಳ್ಳೆಯ ಗೊಬ್ಬರವೇ, ಇಲ್ಲ ಅನ್ನಲ್ಲ. ಬಾಲ್ಕನಿ ಕುಂಡಕ್ಕೆ ತಿಂಗಳು ತಿಂಗಳು ಹಾಕುವಂಥದ್ದಲ್ಲ.

ಇನ್ನು ನೀವು ಬರೆಯದೆ ಬಿಟ್ಟ ಎರಡು ವಿಷಯ. ಬಿಸಿಲೆಷ್ಟು ಬೀಳುತ್ತದೆ? ಕತ್ತರಿ ಯಾವಾಗ ಹಾಕಿದ್ದಿರಿ? ಮಲ್ಲಿಗೆಗೆ ದಿನಕ್ಕೆ ಐದಾರು ಗಂಟೆ ನೇರ ಬಿಸಿಲು ಬೇಕು. ಬೆಳಕು ಚೆನ್ನಾಗಿದೆ ಅಂದರೆ ಸಾಲದು, ಎಲೆ ಮುಟ್ಟಿದರೆ ಬೆಚ್ಚಗಿರಬೇಕು. ಉತ್ತರ ದಿಕ್ಕಿನ ಬಾಲ್ಕನಿ ಆಗಿದ್ದರೆ ನಾನೇನು ಹೇಳಿದರೂ ವ್ಯರ್ಥ, ಕುಂಡವನ್ನು ತಾರಸಿಗೆ ಸಾಗಿಸಿ.

ಕತ್ತರಿ ವಿಷಯಕ್ಕೆ ಬರೋಣ. ಮಲ್ಲಿಗೆ ಹೂ ಬಿಡುವುದು ಹೊಸ ಚಿಗುರಿನ ತುದಿಯಲ್ಲಿ. ಒಂದು ಚಿಗುರು ಹತ್ತಿರದಿಂದ ನೋಡಿ, ತುದಿಯ ಎರಡು ಎಲೆಗಳ ನಡುವೆ ಸಾಮಾನ್ಯವಾಗಿ ಮೂರು ಮೊಗ್ಗು ಕೂತಿರುತ್ತವೆ, ನಡುವಿನದ್ದು ಸ್ವಲ್ಪ ಎತ್ತರ, ಮೊದಲು ಅರಳುವುದೂ ಅದೇ. ಆ ಮೂರೂ ಮುಗಿದ ಮೇಲೆ ಆ ಕೊಂಬೆಯ ಕೆಲಸ ಮುಗಿಯಿತು. ಅದನ್ನು ಹಾಗೇ ಬಿಟ್ಟರೆ ಹಳೇ ಕಡ್ಡಿಯೇ ಉದ್ದ ಆಗುತ್ತಾ ಹೋಗುತ್ತದೆ. ಎರಡು ಮೂರು ಗೆಣ್ಣು ಕೆಳಗೆ ಕತ್ತರಿಸಿದರೆ ಅಲ್ಲಿಂದ ಎರಡು ಹೊಸ ಚಿಗುರು, ಅಂದರೆ ಎರಡು ಹೊಸ ಗೊಂಚಲು. ಹೂ ಕಿತ್ತಾಗಲೆಲ್ಲ ಇಷ್ಟು ಮಾಡಿ. ವರ್ಷಕ್ಕೊಮ್ಮೆ, ನವೆಂಬರ್ ಕೊನೆಯ ವಾರದ ಹೊತ್ತಿಗೆ, ಧೈರ್ಯ ಮಾಡಿ ಇಡೀ ಗಿಡವನ್ನು ಮೊಣಕಾಲೆತ್ತರಕ್ಕೆ ಸವರಿಬಿಡಿ. ಒಣಗಿದ್ದು, ಒಂದಕ್ಕೊಂದು ತಿಕ್ಕುವುದು, ಪೆನ್ಸಿಲ್‌ಗಿಂತ ತೆಳ್ಳಗೆ ಸೊರಗಿದ್ದು ಎಲ್ಲ ಹೋಗಲಿ. ಮನೆಯವರು ಬೈತಾರೆ. ಬೈಲಿ ಬಿಡಿ.

ಗೊಬ್ಬರ ಶುರುವಾಗುವುದು ಆಮೇಲೆ. ಕುಂಡದ ಮೇಲಿನ ಎರಡು ಇಂಚು ಮಣ್ಣು ಕೆರೆದು ತೆಗೆಯಿರಿ. ಅಲ್ಲಿಗೆ ಎರಡು ಬೊಗಸೆ ಹಳೆಯ ಕೊಟ್ಟಿಗೆ ಗೊಬ್ಬರ ಅಥವಾ ಎರೆಗೊಬ್ಬರ, ಒಂದು ಹಿಡಿ ಬೇವಿನ ಹಿಂಡಿ, ಒಂದು ಚಮಚ ಎಲುಬಿನ ಪುಡಿ. ಎಲುಬು ಬೇಡ ಅನ್ನುವ ಮನೆಯಾದರೆ ಅಷ್ಟೇ ಸೂಪರ್ ಫಾಸ್ಫೇಟ್ ಹಾಕಿ. ಹದಿನೈದು ದಿನಕ್ಕೆ ಚಿಗುರು ಕಾಣುತ್ತದೆ. ಆಗ ನೀರಲ್ಲಿ ಕರಗುವ 19:19:19 ಗೊಬ್ಬರ (ಅಂಕಿಗಳು ಕ್ರಮವಾಗಿ ಸಾರಜನಕ, ರಂಜಕ, ಪೊಟ್ಯಾಷಿನ ಪಾಲು) ತಂದು ಲೀಟರ್ ನೀರಿಗೆ 2 ಗ್ರಾಂ ಕರಗಿಸಿ, ಕುಂಡಕ್ಕೆ ಅರ್ಧ ಲೀಟರ್ ಹಾಕಿ. ಮತ್ತೆ ಹದಿನೈದು ದಿನ ಬಿಟ್ಟು ಇನ್ನೊಂದು ಸಲ. ಸಾಸಿವೆ ಕಾಳಿನಷ್ಟು ಮೊಗ್ಗು ಕಂಡ ಕೂಡಲೇ ಅದನ್ನು ನಿಲ್ಲಿಸಿ 0:0:50 ಅಥವಾ 13:0:45 ಅದೇ ಅಳತೆಯಲ್ಲಿ ಕೊಡಿ. ಈ ಮೂರನೇ ಅಂಕಿಯೇ ಪೊಟ್ಯಾಷ್, ನಿಮ್ಮ ಗಿಡ ಇಷ್ಟು ದಿನ ಕಾಣದೇ ಇದ್ದದ್ದು. ಸವರಿದ ಸುಮಾರು ಒಂದೂವರೆ ತಿಂಗಳಿಗೆ ಹೂ ನೋಡಬಹುದು.

ಒಣಗಿದ ಮಣ್ಣಿಗೆ ಯಾವತ್ತೂ ರಸಗೊಬ್ಬರ ಹಾಕಬೇಡಿ, ಮೊದಲು ಸಾದಾ ನೀರು. ಇದನ್ನು ನಾನು ಪುಸ್ತಕದಿಂದ ಹೇಳುತ್ತಿಲ್ಲ. ಶುರುವಿನ ವರ್ಷಗಳಲ್ಲಿ ಒಂದು ಸುಡು ಮಧ್ಯಾಹ್ನ ಒಣ ಕುಂಡಕ್ಕೆ ಎರಡು ಚಮಚ ಯೂರಿಯಾ ಉದುರಿಸಿ ಮಲಗಿದ್ದೆ. ಮೂರನೇ ದಿನಕ್ಕೆ ಎಲೆಯ ಅಂಚೆಲ್ಲ ಹಪ್ಪಳ ಸುಟ್ಟ ಹಾಗೆ ಕಂದಾಗಿ ಸುರುಟಿತು, ವಾರದಲ್ಲಿ ಗಿಡವೇ ಹೋಯಿತು. ಅತ್ತೆ ಕೊಟ್ಟ ಗಿಡ ಅದು. ಇವತ್ತಿಗೂ ಆ ವಿಷಯ ಮನೆಯಲ್ಲಿ ಬರುತ್ತಿರುತ್ತದೆ.

ಪ್ರಶ್ನೆ: ಅಕ್ಕಾ, ನಾವು ಶಂಕರಪುರದ ಹತ್ತಿರದವರು. ತಾರಸಿಯಲ್ಲಿ 40 ಕುಂಡ, ಹಿತ್ತಲಿನ ನೆಲದಲ್ಲಿ ಹತ್ತು ಬುಡ ಮಲ್ಲಿಗೆ ಇದೆ. ಅಮ್ಮ ನೆಲಗಡಲೆ ಹಿಂಡಿ ನೆನೆಸಿ ಹಾಕು, ಸುಡುಮಣ್ಣು (ತರಗೆಲೆ, ಕಸದ ಜೊತೆ ಸುಟ್ಟ ಮಣ್ಣು) ಹಾಕು ಅಂತಾರೆ. ಗಂಡ ಅದೆಲ್ಲ ಹಳೇ ಕಾಲದ್ದು, 17:17:17 ಹಾಕಿದರೆ ಸಾಕು ಅಂತಾರೆ. ಯಾರ ಮಾತು ಕೇಳಲಿ?
(ಉಡುಪಿ ಜಿಲ್ಲೆ)

ಉತ್ತರ: ಉಡುಪಿ ಮಲ್ಲಿಗೆಯ ಊರಿನವರೇ ನನ್ನನ್ನು ಕೇಳಿದಿರಲ್ಲ, ನನಗೇ ನಾಚಿಕೆ ಆಯಿತು. ಅಮ್ಮನ ಮಾತನ್ನು ಮುಕ್ಕಾಲು ಪಾಲು ಕೇಳಿ. ಕಾಲು ಪಾಲು ಗಂಡನಿಗೂ ಇರಲಿ, ಮನೆಯಲ್ಲಿ ಶಾಂತಿ ಬೇಕಲ್ವಾ.

ನಿಮ್ಮ ಕಡೆ ವರ್ಷಕ್ಕೆ 4,000 ಮಿಲಿಮೀಟರ್ ಆಸುಪಾಸು ಮಳೆ. ಮುರಕಲ್ಲಿನ ಮಣ್ಣು, ಸ್ವಲ್ಪ ಹುಳಿ. ಅಷ್ಟು ನೀರು ಹರಿದ ಮೇಲೆ ಮಣ್ಣಿನಲ್ಲಿ ಪೊಟ್ಯಾಷ್, ಸುಣ್ಣದ ಅಂಶ ಉಳಿಯುವುದು ಕಷ್ಟ. ಸುಡುಮಣ್ಣಿನಲ್ಲಿ ಬೂದಿ ಇರುತ್ತದೆ, ಬೂದಿಯಲ್ಲಿ ಪೊಟ್ಯಾಷ್ ಇದೆ, ಮಣ್ಣಿನ ಹುಳಿಯನ್ನೂ ಒಂಚೂರು ಇಳಿಸುತ್ತದೆ. ಹಿರಿಯರು ಇದನ್ನು ಲೆಕ್ಕ ಹಾಕಿ ಮಾಡಿದ್ದೋ ನೋಡಿ ನೋಡಿ ಕಲಿತದ್ದೋ, ಆ ಮಣ್ಣಿಗೆ ಅದು ಸರಿಯಾಗಿ ಕೂತಿದೆ. ಇದೇ ಸುಡುಮಣ್ಣನ್ನು ವಿಜಯಪುರದ ಕಪ್ಪು ಮಣ್ಣಿಗೆ ಹಾಕಿ ಅಂತ ನಾನು ಹೇಳುವುದಿಲ್ಲ, ಯಾಕೆ ಅಂತ ಮುಂದಿನ ಪತ್ರದಲ್ಲಿ ಗೊತ್ತಾಗುತ್ತದೆ.

ಹಿಂಡಿ ನೀರು ಮಾಡುವ ಕ್ರಮ: ಒಂದು ಕಿಲೋ ನೆಲಗಡಲೆ ಹಿಂಡಿ, ಅಷ್ಟೇ ಹಸಿ ಸೆಗಣಿ, ಹತ್ತು ಲೀಟರ್ ನೀರು. ಡ್ರಮ್ಮಿನ ಬಾಯಿಗೆ ಗೋಣಿ ಕಟ್ಟಿ ನಾಲ್ಕೈದು ದಿನ ಇಡಿ, ದಿನಕ್ಕೊಮ್ಮೆ ಕೋಲಿನಿಂದ ತಿರುಗಿಸಿ. ಮೂರನೇ ದಿನ ಬರುವ ವಾಸನೆಗೆ ಪಕ್ಕದ ಮನೆಯವರು ಇಣುಕುತ್ತಾರೆ, ಮೊದಲೇ ಹೇಳಿಟ್ಟಿರಿ. ಮೇಲಿನ ತಿಳಿಗೆ ಹತ್ತರಷ್ಟು ನೀರು ಸೇರಿಸಿ ಕುಂಡಕ್ಕೆ ಅರ್ಧ ಲೀಟರ್, ಹದಿನೈದು ದಿನಕ್ಕೊಮ್ಮೆ. ಒಣ ಹಿಂಡಿಯನ್ನು ಹಾಗೇ ಬುಡಕ್ಕೆ ಸುರಿಯಬೇಡಿ. ಇರುವೆ, ಇಲಿ, ಬೂಷ್ಟು ಮೂರೂ ಒಟ್ಟಿಗೆ ಬರುತ್ತವೆ. ಇಷ್ಟು ಮಾತ್ರ ನೆನಪಿಡಿ, ಹಿಂಡಿ ಸಾವಯವ ಅಂತ ಎಷ್ಟು ಬೇಕಾದರೂ ಹಾಕುವ ಹಾಗಿಲ್ಲ. ಅದರಲ್ಲಿ ಸುಮಾರು ಏಳು ಪಾಲು ಸಾರಜನಕ ಇದೆ. ಜಾಸ್ತಿ ಆದರೆ ಮೇಲಿನ ವಿಜಯನಗರದವರ ಕಥೆಯೇ ಆಗುತ್ತದೆ.

ಗಂಡನಿಗೆ ಹಿತ್ತಲಿನ ಹತ್ತು ಬುಡ ಬಿಟ್ಟುಕೊಡಿ. 17:17:17ರಲ್ಲಿ ಮೂರೂ ಸಮ. ಪೂರ್ತಿ ಬೆಳೆದ ದುಂಡು ಮಲ್ಲಿಗೆಗೆ ವರ್ಷಕ್ಕೆ ಹೇಳುವ ಲೆಕ್ಕ 60 ಗ್ರಾಂ ಸಾರಜನಕ, 120 ಗ್ರಾಂ ರಂಜಕ, 120 ಗ್ರಾಂ ಪೊಟ್ಯಾಷ್. ಅಂದರೆ ಸಾರಜನಕ ಉಳಿದೆರಡರ ಅರ್ಧದಷ್ಟು ಸಾಕು, ಹಾಗಾಗಿ 17:17:17ರ ಬದಲು ಬಿಡಿ ಬಿಡಿ ಗೊಬ್ಬರ ಹಾಕಲಿ. ಅಂಗಡಿ ಭಾಷೆಯಲ್ಲಿ ಹೇಳುವುದಾದರೆ ಒಂದು ಬುಡಕ್ಕೆ 130 ಗ್ರಾಂ ಯೂರಿಯಾ, 750 ಗ್ರಾಂ ಸೂಪರ್ ಫಾಸ್ಫೇಟ್, 200 ಗ್ರಾಂ ಕೆಂಪು ಪೊಟ್ಯಾಷ್, ಜೊತೆಗೆ 10 ಕಿಲೋ ಕೊಟ್ಟಿಗೆ ಗೊಬ್ಬರ. ಇದು ಇಡೀ ವರ್ಷದ್ದು, ಒಂದೇ ಸಲ ಸುರಿದುಬಿಡಬೇಡಿ. ಬೇರೆ ಕಡೆ ಎರಡು ಕಂತಿನಲ್ಲಿ ಕೊಡುತ್ತಾರೆ. ನಿಮ್ಮಲ್ಲಿ ಜುಲೈನಲ್ಲಿ ಹಾಕಿದ್ದು ನೇರ ತೋಡಿಗೆ ಹೋಗುತ್ತದೆ, ಅದಕ್ಕೇ ಮಳೆ ಬಿಟ್ಟ ಮೇಲಿನ ತಿಂಗಳುಗಳಲ್ಲಿ ನಾಲ್ಕು ಕಂತು ಮಾಡಿಕೊಳ್ಳಿ. ಬುಡದಿಂದ ಒಂದಡಿ ದೂರ ಸುತ್ತ ಗೆರೆ ಕೊರೆದು ಹಾಕಿ, ಮಣ್ಣು ಮುಚ್ಚಿ, ನೀರು ಬಿಡಿ. ಇದಕ್ಕೂ ಮುಂಚೆ ಒಂದು ಸಲ ಮಣ್ಣು ಪರೀಕ್ಷೆ ಮಾಡಿಸಿ. ಬ್ರಹ್ಮಾವರದಲ್ಲಿ ಕೃಷಿ ವಿಜ್ಞಾನ ಕೇಂದ್ರ ಇದೆ, ಅಲ್ಲಿ ವಿಚಾರಿಸಿ. ಸುಣ್ಣ ಹಾಕಬೇಕೋ ಬೇಡವೋ ಅನ್ನುವುದನ್ನು ಪರೀಕ್ಷೆಯ ಚೀಟಿ ನೋಡಿಯೇ ತೀರ್ಮಾನಿಸಿ.

ಲೆಕ್ಕಕ್ಕೆ ಹೇಳುತ್ತೇನೆ. ನಿಮ್ಮಲ್ಲಿ 800 ಹೂವಿಗೆ ಒಂದು ಚೆಂಡು, ನಾಲ್ಕು ಚೆಂಡಿಗೆ ಒಂದು ಅಟ್ಟೆ ಅಲ್ವಾ. 40 ಕುಂಡ ತಲಾ 20 ಹೂ ಕೊಟ್ಟರೆ ದಿನಕ್ಕೆ ಒಂದು ಚೆಂಡು ಆಯಿತು. ಮದುವೆ ಸೀಸನ್ನಿನಲ್ಲಿ ಅಟ್ಟೆಯ ದರ ಏರುವಾಗ ಆ ಒಂದು ಚೆಂಡಿನ ಬೆಲೆ ಗೊತ್ತಾಗುತ್ತದೆ, ಆಮೇಲೆ ಗಂಡನೇ ಡ್ರಮ್ ತಿರುಗಿಸುತ್ತಾರೆ ನೋಡಿ.

ಪ್ರಶ್ನೆ: ನಮ್ಮದು ಎರಿ ಮಣ್ಣು, ನೀರು ಬೋರ್‌ವೆಲ್‌ದು. ಮಲ್ಲಿಗೆಯ ಎಲೆ ಹಳದಿ ಆಗ್ತಾ ಇದೆ. ಗೊಬ್ಬರ ಕಡಿಮೆ ಆಗಿದೆ ಅಂತ ಯೂರಿಯಾ ಹಾಕಿದೆವು, ಮತ್ತಷ್ಟು ಹಳದಿ ಆಯಿತು.
(ವಿಜಯಪುರ)

ಉತ್ತರ: ಯಾವ ಎಲೆ ಹಳದಿ ಅನ್ನುವುದೇ ಮುಖ್ಯ ರೀ. ನೀವು ಕಳಿಸಿದ ಫೋಟೋದಲ್ಲಿ ಕೆಳಗಿನ ಹಳೇ ಎಲೆ ಹಸಿರಾಗಿಯೇ ಇವೆ. ತುದಿಯ ಎಳೆ ಎಲೆ ಹಳದಿ, ಅದರ ನರ ಮಾತ್ರ ಹಸಿರು, ಬಲೆ ಬಿಡಿಸಿದ ಹಾಗೆ. ಇದು ಕಬ್ಬಿಣದ ಕೊರತೆ. ನಿಮ್ಮ ಮಣ್ಣಿನಲ್ಲಿ ಕಬ್ಬಿಣ ಇಲ್ಲ ಅಂತಲ್ಲ. ಸುಣ್ಣದ ಅಂಶ ಜಾಸ್ತಿ ಇರುವ ಮಣ್ಣು, ಅದರ ಮೇಲೆ ಗಡಸು ನೀರು, ಇವೆರಡು ಸೇರಿ ಇರುವ ಕಬ್ಬಿಣವನ್ನು ಬೇರು ಎಳೆದುಕೊಳ್ಳದ ಹಾಗೆ ಕಟ್ಟಿಹಾಕುತ್ತವೆ. ಅದಕ್ಕೇ ನಿಮಗೆ ಬೂದಿ, ಸುಡುಮಣ್ಣು, ಸುಣ್ಣ, ಮೊಟ್ಟೆ ಸಿಪ್ಪೆ ಯಾವುದೂ ಬೇಡ.

ಗ್ರಂಥಿಗೆ ಅಂಗಡಿಯಲ್ಲೋ ಗೊಬ್ಬರದ ಅಂಗಡಿಯಲ್ಲೋ ಅನ್ನಭೇದಿ (ಫೆರಸ್ ಸಲ್ಫೇಟ್, ಕಬ್ಬಿಣದ ಉಪ್ಪು) ಕೇಳಿ. ಲೀಟರ್ ನೀರಿಗೆ 5 ಗ್ರಾಂ, ಜೊತೆಗೆ ಅರ್ಧ ನಿಂಬೆಹಣ್ಣು ಹಿಂಡಿ. ನಿಂಬೆ ಹಾಕದಿದ್ದರೆ ಸ್ವಲ್ಪ ಹೊತ್ತಿಗೇ ನೀರು ತುಕ್ಕಿನ ಬಣ್ಣಕ್ಕೆ ತಿರುಗುತ್ತದೆ, ಆಮೇಲೆ ಪ್ರಯೋಜನ ಕಡಿಮೆ. ಸಂಜೆ ಹೊತ್ತು ಎಲೆಯ ಎರಡೂ ಬದಿಗೆ ಸಿಂಪಡಿಸಿ. ತಿಂಗಳಿಗೊಮ್ಮೆ, ಹೊಸ ಎಲೆ ಹಸಿರಾಗಿ ಬರುವ ತನಕ. ಗೋಡೆ, ಟೈಲ್ಸ್ ಮೇಲೆ ಬಿದ್ದರೆ ಕಲೆ ಹೋಗುವುದಿಲ್ಲ, ಹುಷಾರು. ಮಳೆಗಾಲದಲ್ಲಿ ಒಂದೆರಡು ಡ್ರಮ್ ಮಳೆನೀರು ಹಿಡಿದಿಟ್ಟರೆ ಗಿಡ ಬದುಕಿಕೊಳ್ಳುತ್ತದೆ. ಬುಡಕ್ಕೆ ಕೊಟ್ಟಿಗೆ ಗೊಬ್ಬರ ಧಾರಾಳವಾಗಿ ಹಾಕಿ, ಯೂರಿಯಾ ಈಗ ನಿಲ್ಲಿಸಿ.

ಇದೇ ಥರ ನರ ಹಸಿರು ಉಳಿದು ಕೆಳಗಿನ ಹಳೇ ಎಲೆ ಹಳದಿಯಾದರೆ ಅದು ಮೆಗ್ನೀಷಿಯಂ ಕೊರತೆ, ಆಗ ಎಪ್ಸಮ್ ಸಾಲ್ಟ್ ಲೀಟರಿಗೆ 5 ಗ್ರಾಂ. ಕಾರಣ ನೋಡದೆ ಎಲ್ಲ ಹಳದಿಗೂ ಎಪ್ಸಮ್ ಸಾಲ್ಟ್ ಹಾಕುವ ಹುಚ್ಚು ಈಗ ಜಾಸ್ತಿ ಆಗಿದೆ.

ಪ್ರಶ್ನೆ: ಅಮ್ಮಾ, ರಸಗೊಬ್ಬರ ಮುಟ್ಟಲ್ಲ ಅಂತ ನಿರ್ಧಾರ ಮಾಡಿದ್ದೇನೆ. ಟೀ ಚರಟ, ಈರುಳ್ಳಿ ಸಿಪ್ಪೆ ನೀರು, ಬಾಳೆಹಣ್ಣಿನ ಸಿಪ್ಪೆ, ಮೊಟ್ಟೆ ಸಿಪ್ಪೆ, ಅಕ್ಕಿ ತೊಳೆದ ನೀರು, ಹುಳಿ ಮಜ್ಜಿಗೆ, ಇವುಗಳಲ್ಲಿ ಮಲ್ಲಿಗೆಗೆ ಯಾವುದು ಒಳ್ಳೆಯದು?
(ಕುವೆಂಪುನಗರ, ಮೈಸೂರು)

ಉತ್ತರ: ಎಲ್ಲವನ್ನೂ ಒಂದು ಬಕೆಟ್ಟಿಗೆ ಹಾಕಿ ಕಾಂಪೋಸ್ಟ್ ಮಾಡಿದರೆ ಎಲ್ಲವೂ ಒಳ್ಳೆಯದೇ. ಒಂದೊಂದನ್ನೇ ಔಷಧಿ ಥರ ಹಾಕುತ್ತಾ ಹೋದರೆ ಹೇಳಿಕೊಳ್ಳುವಂಥದ್ದು ಏನೂ ಆಗುವುದಿಲ್ಲ. ನಿಮಗೆ ಬೇಸರ ಆಗಬಹುದು, ಆದರೂ ಹೇಳಬೇಕು.

ಅಕ್ಕಿ ತೊಳೆದ ನೀರು ಅವತ್ತಿಂದ ಅವತ್ತೇ ಹಾಕಿ, ಸುಮ್ನೆ ಸಿಂಕಿಗೆ ಹೋಗುವುದಕ್ಕಿಂತ ವಾಸಿ. ಟೀ ಚರಟದಲ್ಲಿ ಹಾಲು ಸಕ್ಕರೆ ಇರುತ್ತದೆ, ಎರಡು ಸಲ ತೊಳೆದು ಒಣಗಿಸದೆ ಹಾಕಿದರೆ ಇರುವೆಗೆ ಹಬ್ಬ. ಬಾಳೆ ಸಿಪ್ಪೆಯಲ್ಲಿ ಪೊಟ್ಯಾಷ್ ಇರುವುದು ನಿಜ, ಆದರೆ ಸಿಪ್ಪೆಯ ಮುಕ್ಕಾಲು ತೂಕಕ್ಕಿಂತ ಹೆಚ್ಚು ಬರೀ ನೀರು. ಸಿಪ್ಪೆ ನೆನೆಸಿದ ನೀರಿನಿಂದ ಗಿಡ ತುಂಬಾ ಮಲ್ಲಿಗೆ ಬಿಟ್ಟ ವಿಡಿಯೋ ನೀವೂ ನೋಡಿರುತ್ತೀರಿ, ನಾನೂ ನೋಡಿದ್ದೇನೆ, ಆ ಗಿಡದ ಹಿಂದೆ ಬೀಳುತ್ತಿದ್ದ ಬಿಸಿಲನ್ನು ಮಾತ್ರ ಯಾರೂ ಗಮನಿಸಲ್ಲ. ಮೊಟ್ಟೆ ಸಿಪ್ಪೆ ಕರಗಲು ವರ್ಷಗಟ್ಟಲೆ ಬೇಕು. ಮಜ್ಜಿಗೆ ನೀವೇ ಕುಡಿಯಿರಿ.

ರಸಗೊಬ್ಬರ ಬೇಡ ಅನ್ನುವ ನಿಮ್ಮ ಹಟಕ್ಕೆ ಅಡ್ಡಿ ಇಲ್ಲ. ಎರೆಗೊಬ್ಬರ, ಬೇವಿನ ಹಿಂಡಿ, ಎಲುಬಿನ ಪುಡಿ, ಸೌದೆ ಬೂದಿ ತಿಂಗಳಿಗೆ ಒಂದು ಚಮಚ, ಜೊತೆಗೆ ಉಡುಪಿಯವರಿಗೆ ಹೇಳಿದ ಹಿಂಡಿ ನೀರು. ಇಷ್ಟರಲ್ಲೇ ಚೆನ್ನಾಗಿ ಹೂ ತೆಗೆಯಬಹುದು. ನಿಮ್ಮದೂ ಬೋರ್ ನೀರಾದರೆ ಬೂದಿ ಬಿಟ್ಟುಬಿಡಿ.

ಪ್ರಶ್ನೆ: ಮೈಸೂರು ಮಲ್ಲಿಗೆ ಅಂತ ಹೇಳಿ ಗಾಡಿಯವರೊಬ್ಬರು ಗಿಡ ಕೊಟ್ಟರು. ಹೂ ರಾಶಿ ರಾಶಿ ಬಿಡುತ್ತದೆ, ಘಮ ಇಲ್ಲವೇ ಇಲ್ಲ. ಘಮ ಬರೋಕೆ ಏನು ಹಾಕಬೇಕು?
(ಶಿವಮೊಗ್ಗ)

ಉತ್ತರ: ಏನು ಹಾಕಿದರೂ ಬರಲ್ಲ. ಎಳೆ ಎಲೆ ಮತ್ತು ಕಡ್ಡಿಯನ್ನು ಬೆರಳಲ್ಲಿ ಸವರಿ ನೋಡಿ, ಮೃದುವಾದ ರೋಮ ಸಿಕ್ಕುತ್ತದೆಯೇ? ಹೂವಿನ ಎಸಳು ಸಣ್ಣಗೆ, ತುದಿ ಚೂಪಾಗಿ, ನಕ್ಷತ್ರದ ಥರ ಇದೆಯೇ? ಹಾಗಿದ್ದರೆ ನಿಮಗೆ ಕೊಟ್ಟದ್ದು ಕಾಕಡ. ಒಳ್ಳೆಯ ಗಿಡ, ತುಂಬಾ ಹೂ ಬಿಡುತ್ತದೆ, ದೇವರ ಹಾರಕ್ಕೆ ಚೆನ್ನ. ಘಮ ಅದರ ಹುಟ್ಟಿನಲ್ಲೇ ಇಲ್ಲ. ಮೈಸೂರು, ಉಡುಪಿ, ಹಡಗಲಿ ಈ ಮೂರು ಮಲ್ಲಿಗೆಗೂ ಭೌಗೋಳಿಕ ಗುರುತು (ಜಿಐ ಟ್ಯಾಗ್) ಸಿಕ್ಕಿದೆ ಅಂದರೆ ತಳಿ, ಮಣ್ಣು, ಹವೆ ಸೇರಿ ಬಂದ ಗುಣ ಅದು. ಗೊಬ್ಬರದ ಚೀಲದಲ್ಲಿ ಅದು ಸಿಗುವುದಿಲ್ಲ.

ನಿಜವಾಗಿಯೂ ದುಂಡು ಮಲ್ಲಿಗೆಯೇ ಆಗಿದ್ದು ಘಮ ಕಡಿಮೆ ಅನ್ನಿಸಿದರೆ, ನೀವು ಮೂಸಿದ ಹೊತ್ತು ಯಾವುದು ನೋಡಿ. ಮಲ್ಲಿಗೆ ಅರಳುವುದು ಸಂಜೆಗೆ, ಘಮ ರಾತ್ರಿಯದ್ದು. ಬೆಳಗ್ಗೆ ಹತ್ತು ಗಂಟೆಗೆ ಅರಳಿ ನಿಂತ ಹೂ ಮೂಸಿದರೆ ಅದರ ಕಥೆ ಆಗಲೇ ಮುಗಿದಿರುತ್ತದೆ. ಬೆಳಗಿನ ಜಾವ ಬಿಳಿ ತಿರುಗಿದ ತುಂಬು ಮೊಗ್ಗು ಕಿತ್ತು, ಒದ್ದೆ ಬಟ್ಟೆಯಲ್ಲಿ ಸುತ್ತಿಟ್ಟು, ಸಂಜೆ ಬಿಚ್ಚಿ. ಮನೆಯೆಲ್ಲ ಘಮ್ ಅನ್ನದಿದ್ದರೆ ಮತ್ತೆ ಬರೆಯಿರಿ.

ಪ್ರಶ್ನೆ: ಮೊಗ್ಗು ನೇರಳೆ ಬಣ್ಣಕ್ಕೆ ತಿರುಗಿ ಉದುರುತ್ತಿವೆ. ಕೆಲವಕ್ಕೆ ತೂತು ಇದೆ. ಪೊಟ್ಯಾಷ್ ಕಡಿಮೆಯೇ?
(ದಾವಣಗೆರೆ)

ಉತ್ತರ: ಅಲ್ಲ, ಹುಳ. ಒಂದು ಮೊಗ್ಗು ಉಗುರಿನಿಂದ ಸೀಳಿ ನೋಡಿ, ಒಳಗೇ ಸಿಗುತ್ತದೆ. ಕೆಟ್ಟ ಮೊಗ್ಗನ್ನೆಲ್ಲ ಕಿತ್ತು, ಉದುರಿದ್ದನ್ನೂ ಆರಿಸಿ ಸುಟ್ಟುಬಿಡಿ, ಗಿಡದ ಬುಡದಲ್ಲೇ ಬಿಟ್ಟರೆ ಮತ್ತೆ ಮೇಲೆ ಬರುತ್ತವೆ. ಬೇವಿನ ಎಣ್ಣೆ 5 ಮಿಲಿ, ನಾಲ್ಕು ಹನಿ ಸೋಪಿನ ದ್ರಾವಣ, ಒಂದು ಲೀಟರ್ ನೀರು, ವಾರಕ್ಕೊಮ್ಮೆ ಸಂಜೆ. ಬುಡದ ಮಣ್ಣು ಕೆದಕಿ ಬೇವಿನ ಹಿಂಡಿ ಹಾಕಿ.

ಪ್ರಶ್ನೆ: ಒಂದು ತಿಂಗಳು ಮಗಳ ಮನೆಗೆ ಹೊರಟಿದ್ದೇವೆ. ಹೋಗುವ ಮುಂಚೆ ಗಿಡಗಳಿಗೆ ಡಬಲ್ ಗೊಬ್ಬರ ಹಾಕಿ ಹೋಗಲೇ?
(ತುಮಕೂರು)

ಉತ್ತರ: ಖಂಡಿತಾ ಬೇಡ. ಗೊಬ್ಬರ ಮಣ್ಣಿನಲ್ಲಿ ಇದ್ದು ನೀರು ಇಲ್ಲದಿದ್ದರೆ ಬೇರು ಸುಡುತ್ತದೆ. ನನ್ನ ಯೂರಿಯಾ ಕಥೆ ಮೇಲೆ ಓದಿದಿರಲ್ಲ. ಕುಂಡಗಳನ್ನೆಲ್ಲ ಒಂದು ಮೂಲೆಗೆ ಒತ್ತೊತ್ತಾಗಿ ಜೋಡಿಸಿ, ಅರ್ಧ ನೆರಳು ಇರಲಿ. ಮಣ್ಣಿನ ಮೇಲೆ ತೆಂಗಿನ ನಾರು ದಪ್ಪಗೆ ಹಾಸಿ. ಪಕ್ಕದ ಮನೆಯವರಿಗೆ ಬೀಗದ ಕೈ ಕೊಟ್ಟು, ಬಿಟ್ಟ ಹೂವೆಲ್ಲ ನೀವೇ ಕಿತ್ತುಕೊಳ್ಳಿ ಅಂತ ಹೇಳಿ ಹೋಗಿ. ಆಗ ನೀರು ಹಾಕುವುದನ್ನು ಅವರು ಮರೆಯುವುದಿಲ್ಲ.